ಅರ್ಧ ಮನೆಯ ಪೂರ್ತಿ ಸಾಲ

ಮದುವೆಯಾಗುತ್ತೇನೆ ಎಂದು ತಮ್ಮನಿಗೆ ಹೇಳುವುದಕ್ಕೆ ಮುಂಚೆ ನಾನು ಬ್ಯಾಂಕಿಗೆ ಹೋದೆ. ನಲವತ್ಮೂರು ವರ್ಷದವಳು ಮದುವೆಯ ಸುದ್ದಿ ತೆಗೆದರೆ ಗಂಡು ಯಾರು ಎಂದು ಕೇಳುವ ಮುಂಚೆಯೇ ಮನೆ ಸಾಲದ ಗತಿ ಏನು ಎಂದು ಕೇಳುತ್ತಾರೆ. ಆ ಪ್ರಶ್ನೆಗೆ ಉತ್ತರ ನನ್ನ ಕೈಯಲ್ಲಿ ಇರಲಿ ಎಂದುಕೊಂಡಿದ್ದೆ. ಲೆಕ್ಕ ನನಗೆ ಗೊತ್ತಿದೆ ಎಂದೇ ನಂಬಿದ್ದೆ. ಇಪ್ಪತ್ತು ವರ್ಷದ ಸಾಲ, ಒಂಬತ್ತು ವರ್ಷ ಮುಗಿದಿದೆ, ಹತ್ತಿರ ಹತ್ತಿರ ಅರ್ಧ ತೀರಿರಬೇಕು. ಒಂದು ಸ್ಟೇಟ್‌ಮೆಂಟ್ ತಂದು ಊಟದ ಮೇಜಿನ ಮೇಲೆ ಇಟ್ಟು ಮಾತು ಶುರು ಮಾಡಿದರೆ ಆಯಿತು.

ಆ ಸಾಲ ಮಾಡಿದ್ದು ನಾನೂ ತಮ್ಮನೂ ಸೇರಿ. ಅಪ್ಪ ಹೋದ ಮೇಲೆ ಅಮ್ಮ, ನಾನು, ತಮ್ಮ ಮೂವರೂ ಶಿವಮೊಗ್ಗದ ಗಾಂಧಿ ಬಜಾರಿನ ಹಿಂದಿನ ಓಣಿಯಲ್ಲಿ ಬಾಡಿಗೆಗೆ ಇದ್ದೆವು. ಆರು ವರ್ಷದಲ್ಲಿ ಮೂರು ಸಲ ಮನೆ ಬದಲಾಯಿಸಿದೆವು. ಮೂರನೇ ಸಲ ಗ್ಯಾಸ್ ಸಿಲಿಂಡರ್ ಹೊರಗೆ ಸಾಗಿಸುವಾಗ ಅಮ್ಮ ಮೆಟ್ಟಿಲ ಮೇಲೆ ಕೂತು, "ಇನ್ನು ನಾನು ಏಳಲ್ಲ. ಎದ್ದರೆ ಸ್ವಂತ ಮನೆಗೇ" ಅಂದಳು. ಅವಳ ಮಾತನ್ನು ನಾವಿಬ್ಬರೂ ತಮಾಷೆ ಮಾಡಿದೆವು. ಆದರೆ ಅದೇ ವರ್ಷ ರಾಗಿಗುಡ್ಡದ ಇಳಿಜಾರಿನಲ್ಲಿ ಒಂದು ಮನೆ ಕಣ್ಣಿಗೆ ಬಿತ್ತು. ಎರಡು ಕೋಣೆ, ಒಂದು ಹಾಲ್, ಮೇಲೆ ಬರೀ ತಾರಸಿ. ಮೂವತ್ತು ಲಕ್ಷ. ಅಮ್ಮ ತನ್ನ ಬಳೆ, ಸರ, ಉಳಿತಾಯ ಎಲ್ಲ ಸೇರಿಸಿ ಆರು ಲಕ್ಷ ಕೊಟ್ಟಳು. ಉಳಿದ ಇಪ್ಪತ್ನಾಲ್ಕು ಲಕ್ಷಕ್ಕೆ ಸಾಲ.

ನಾನು ಆಗಲೂ ಈಗಲೂ ಭದ್ರಾವತಿಯ ಒಂದು ಖಾಸಗಿ ಕಾಲೇಜಿನ ಆಫೀಸಿನಲ್ಲಿ ಕೆಲಸ ಮಾಡುವವಳು. ತಮ್ಮ ಮಾಚೇನಹಳ್ಳಿಯ ಒಂದು ಫೌಂಡ್ರಿಯಲ್ಲಿ ಸೂಪರ್‌ವೈಸರ್. ಇಬ್ಬರಲ್ಲಿ ಒಬ್ಬರ ಸಂಬಳವೂ ಅಷ್ಟು ದೊಡ್ಡ ಸಾಲಕ್ಕೆ ಸಾಲುತ್ತಿರಲಿಲ್ಲ. "ಇಬ್ಬರದೂ ಸೇರಿಸಿದ್ರೆ ಆಗತ್ತೆ" ಎಂದರು ಬ್ಯಾಂಕಿನವರು. ಸೇರಿಸಿದೆವು. ಮನೆಯೂ ಇಬ್ಬರ ಹೆಸರಿನಲ್ಲಿ, ಸಾಲವೂ ಇಬ್ಬರ ಹೆಸರಿನಲ್ಲಿ. ತಿಂಗಳಿಗೆ ಇಪ್ಪತ್ತು ಸಾವಿರದ ಎಂಟುನೂರು ಚಿಲ್ಲರೆ ಕಂತು. ನಾನು ಅರ್ಧ, ಅವನು ಅರ್ಧ. ಸಹಿ ಹಾಕುವಾಗ ಕಾಗದ ಎಷ್ಟಿತ್ತೆಂದರೆ ಕೊನೆಕೊನೆಗೆ ನನ್ನ ಸಹಿ ನನ್ನದರ ಹಾಗೆಯೇ ಕಾಣುತ್ತಿರಲಿಲ್ಲ. ಒಂದು ಪುಟವನ್ನೂ ಓದಲಿಲ್ಲ. ದಿನವಿಡೀ ಮಕ್ಕಳಿಂದ ಫಾರ್ಮ್ ತುಂಬಿಸಿಕೊಂಡು, "ಸರಿಯಾಗಿ ಓದಿ ಸಹಿ ಹಾಕಿ" ಎಂದು ಗದರುವವಳು ನಾನು.

ಮನೆಗೆ ಬಂದ ಎರಡನೇ ವರ್ಷ ತಮ್ಮನ ಮದುವೆಯಾಯಿತು. ನಾಲ್ಕನೇ ವರ್ಷ ಅಮ್ಮ ಹೋದಳು. ಆಮೇಲೆ ಆ ಮನೆಯಲ್ಲಿ ತಮ್ಮ, ಅವನ ಹೆಂಡತಿ, ಅವರ ಮಗಳು, ನಾನು. ಜಗಳವಿರಲಿಲ್ಲ. ತಮ್ಮನ ಹೆಂಡತಿ ನನ್ನನ್ನು ಬಾಯಿ ತುಂಬ ಅತ್ತಿಗೆ ಎನ್ನುತ್ತಿದ್ದಳು, ನಾನು ಬರುವ ಹೊತ್ತಿಗೆ ಕಾಫಿ ಇಡುತ್ತಿದ್ದಳು. ಆದರೂ ಅಡುಗೆಮನೆ ಅವಳದಾಗಿತ್ತು, ಹಾಲ್ ಮಗುವಿನದಾಗಿತ್ತು, ನನ್ನದು ಅಂತ ಉಳಿದಿದ್ದು ಹಿಂದಿನ ಕೋಣೆ. ಭಾನುವಾರ ಮನೆಯಲ್ಲಿ ಕೂರಲಾಗದೆ ಗುಡ್ಡ ಹತ್ತುತ್ತಿದ್ದೆ. ಮೇಲೆ ಹೋದರೆ ಕೆಳಗಿಳಿಯಬೇಕು ಅನ್ನಿಸುತ್ತಿತ್ತು, ಕೆಳಗೆ ಬಂದರೆ ಮತ್ತೆ ಎಲ್ಲಿಗಾದರೂ ಹೋಗಬೇಕು ಅನ್ನಿಸುತ್ತಿತ್ತು.

ನಾನು ಮದುವೆಯಾಗಲಿದ್ದ ಅವರು ಪರಿಚಯವಾಗಿದ್ದು ಭದ್ರಾವತಿ ಬಸ್ಸಿನಲ್ಲಿ. ನೀರಾವರಿ ಇಲಾಖೆಯಲ್ಲಿ ಗುಮಾಸ್ತರು. ಹೆಂಡತಿ ತೀರಿಕೊಂಡು ಐದು ವರ್ಷವಾಗಿತ್ತು, ಮಕ್ಕಳಿರಲಿಲ್ಲ. ಭದ್ರಾವತಿಯ ಜನ್ನಾಪುರದಲ್ಲಿ ಬಾಡಿಗೆ ಮನೆ. ಶಿವಮೊಗ್ಗದಲ್ಲಿದ್ದ ಅಕ್ಕನ ಮನೆಗೆ ವಾರಕ್ಕೆರಡು ದಿನ ಬಂದು ಬೆಳಿಗ್ಗೆ ನಮ್ಮ ಬಸ್ಸಿಗೇ ವಾಪಸಾಗುತ್ತಿದ್ದರು. ಒಂದೂವರೆ ವರ್ಷ ಬರೀ ಸೀಟು ಹಿಡಿದು ಕೊಡುವ ಪರಿಚಯ. ಒಂದು ದಿನ ಬಸ್ಸು ಕೆಟ್ಟು ಮಾಚೇನಹಳ್ಳಿಯ ಹತ್ತಿರ ನಿಂತಾಗ, ರಸ್ತೆ ಬದಿಯಲ್ಲಿ ಮುಕ್ಕಾಲು ಗಂಟೆ ನಿಂತು ಮಾತಾಡಿದ ಮೇಲೆ, "ನಿಮಗೆ ಬೇಜಾರಿಲ್ಲ ಅಂದ್ರೆ ನಾವು ಒಂದೇ ಮನೆಯಿಂದ ಕೆಲಸಕ್ಕೆ ಹೋಗ್ಬಹುದಿತ್ತು" ಅಂದರು. ನನಗೆ ಅರ್ಥವಾಗಲು ಎರಡು ನಿಮಿಷ ಬೇಕಾಯಿತು.

ದುರ್ಗಿಗುಡಿಯ ಬ್ಯಾಂಕಿನಲ್ಲಿ ಸಾಲದ ಮೇಜಿನ ಹಿಂದೆ ಕೂತಿದ್ದವಳು ಇನ್ನೂ ಮೂವತ್ತು ತುಂಬದ ಹುಡುಗಿ. ಸ್ಟೇಟ್‌ಮೆಂಟ್ ಪ್ರಿಂಟ್ ಮಾಡಿ ಕೊಟ್ಟಳು. ಕೊನೆಯ ಪುಟ ತಿರುವಿ ನೋಡಿದೆ. ಬಾಕಿ ಹತ್ತೊಂಬತ್ತು ಲಕ್ಷದ ನಲವತ್ತೆಂಟು ಸಾವಿರ.

"ಇದು ಯಾರದೋ ಬೇರೆಯವರದು" ಅಂದೆ.

"ಇಲ್ಲ ಮೇಡಂ, ನಿಮ್ಮದೇ. ಹೆಸರು ನೋಡಿ."

"ಒಂಬತ್ತು ವರ್ಷ ಕಟ್ಟಿದೀವಿ. ಇಪ್ಪತ್ತೆರಡು ಲಕ್ಷದ ಮೇಲೆ ಆಯ್ತು."

"ಹೌದು ಮೇಡಂ. ಅದರಲ್ಲಿ ಅಸಲಿಗೆ ಹೋಗಿರೋದು ನಾಲ್ಕೂವರೆ ಲಕ್ಷ. ಮಿಕ್ಕಿದ್ದು ಬಡ್ಡಿ."

ಅವಳು ಸಿಡುಕಲಿಲ್ಲ. ಕುರ್ಚಿಯನ್ನು ನನ್ನ ಕಡೆ ಎಳೆದುಕೊಂಡು ಮೊದಲ ಪುಟದಿಂದ ತೋರಿಸಿದಳು. ಮೊದಲ ತಿಂಗಳ ಕಂತಿನಲ್ಲಿ ಹದಿನೇಳು ಸಾವಿರ ಬಡ್ಡಿಗೆ, ಮೂರು ಸಾವಿರದ ಎಂಟುನೂರು ಅಸಲಿಗೆ. ಬಡ್ಡಿ ಲೆಕ್ಕ ಹಾಕುವುದು ಬಾಕಿಯ ಮೇಲೆ. ಬಾಕಿ ದೊಡ್ಡದಿರುವ ಮೊದಲ ವರ್ಷಗಳಲ್ಲಿ ಕಂತನ್ನೆಲ್ಲ ಬಡ್ಡಿಯೇ ತಿನ್ನುತ್ತದೆ. ನಾಲ್ಕನೇ ವರ್ಷ ಬಡ್ಡಿ ದರ ಎಂಟೂವರೆಯಿಂದ ಒಂಬತ್ತೂವರೆಗೆ ಏರಿತ್ತು. ಆ ತಿಂಗಳು ಅಸಲಿಗೆ ಹೋಗಿದ್ದು ಬರೀ ಮೂರು ಸಾವಿರ ಚಿಲ್ಲರೆ. ಮೂರು ವರ್ಷ ಕಟ್ಟಿದ ಮೇಲೂ ಮೊದಲ ತಿಂಗಳಿಗಿಂತ ಕಡಿಮೆ.

"ಆದರೆ ನಮ್ಮ ಕಂತು ಯಾವತ್ತೂ ಏರಲಿಲ್ವಲ್ಲ?"

"ಕಂತು ಏರಿಸ್ಲಿಲ್ಲ ಮೇಡಂ, ವರ್ಷ ಏರಿತು. ಮೆಸೇಜ್ ಹೋಗಿರತ್ತೆ. ನಿಮಗಿನ್ನು ಹನ್ನೊಂದು ವರ್ಷ ಅಲ್ಲ, ಹದಿನಾಲ್ಕು ವರ್ಷ ಮೂರು ತಿಂಗಳು ಇದೆ."

ನಾನು ಅವಳ ಕ್ಯಾಲ್ಕುಲೇಟರ್ ತೆಗೆದುಕೊಂಡೆ. ಎರಡು ಸಲ ತಪ್ಪು ಒತ್ತಿದೆ. ಕೊನೆಗೆ ಅವಳೇ ಹಾಕಿ ತೋರಿಸಿದಳು. ದರ ಹೀಗೇ ಇದ್ದರೆ ಸಾಲ ತೀರುವ ಹೊತ್ತಿಗೆ ಇಪ್ಪತ್ನಾಲ್ಕು ಲಕ್ಷಕ್ಕೆ ಐವತ್ತೆಂಟು ಲಕ್ಷ. ನನಗೆ ಐವತ್ತೇಳು ವರ್ಷ.

"ನನ್ನ ಅರ್ಧ ಕೊಟ್ಟು ನಾನು ಈಚೆ ಬರಬಹುದಾ?" ಎಂದು ಕೇಳಿದೆ.

ಅವಳಿಗೆ ಸ್ವಲ್ಪ ಸಂಕೋಚವಾಯಿತು. "ಸಾಲದಲ್ಲಿ ಅರ್ಧ ಅಂತ ಇರಲ್ಲ ಮೇಡಂ. ಇಬ್ಬರೂ ಪೂರ್ತಿ ಸಾಲಕ್ಕೆ ಜವಾಬ್ದಾರರು. ಅವರು ಕಟ್ಟದಿದ್ರೆ ಪೂರ್ತಿ ನಿಮ್ಮದು, ನೀವು ಕಟ್ಟದಿದ್ರೆ ಪೂರ್ತಿ ಅವರದ್ದು. ನಿಮ್ಮ ಹೆಸರು ತೆಗೀಬೇಕು ಅಂದ್ರೆ ಅವರೊಬ್ಬರ ಸಂಬಳದ ಮೇಲೆ ಸಾಲ ನಿಲ್ಲಬೇಕು. ಅಥವಾ ನಿಮ್ಮ ಜಾಗಕ್ಕೆ ಇನ್ನೊಬ್ಬರು ಬರಬೇಕು."

ಹೊರಗೆ ಬಂದು ಬಸ್ ಸ್ಟ್ಯಾಂಡಿನವರೆಗೆ ನಡೆದೆ. ಅಲ್ಲಿಂದ ಮನೆ ಕಡೆಗೆ ಹೋಗುವ ಬದಲು ಸುಮ್ಮನೆ ನಿಂತಿದ್ದ ಗಾಜನೂರಿನ ಬಸ್ಸು ಹತ್ತಿದೆ. ಅಣೆಕಟ್ಟಿನ ಹತ್ತಿರ ಇಳಿದು, ನೀರನ್ನೂ ನೋಡದೆ, ಅದೇ ಬಸ್ಸು ತಿರುಗಿ ಬಂದಾಗ ಹತ್ತಿ ವಾಪಸು ಬಂದೆ. ಕಂಡಕ್ಟರ್ ನನ್ನ ಮುಖ ನೋಡಿ, "ಏನಾದ್ರೂ ಮರ್ತ್ ಬಂದ್ರಾ?" ಎಂದು ಕೇಳಿದ.

ವಿಷಯ ತೆಗೆದಿದ್ದು ಮುಂದಿನ ಭಾನುವಾರ, ತಿಂಡಿಯಾದ ಮೇಲೆ. ಮದುವೆಯ ಸುದ್ದಿಗೆ ತಮ್ಮ ನಕ್ಕ, ನಿಜವಾಗಿಯೂ ಸಂತೋಷಪಟ್ಟ. "ಅಮ್ಮ ಇರ್ಬೇಕಿತ್ತು ಕಣೇ ಅಕ್ಕ" ಅಂದ. ಸ್ಟೇಟ್‌ಮೆಂಟ್ ಮುಂದಿಟ್ಟಾಗ ಮುಖ ಬಿಗಿಯಾಯಿತು. ಆ ಮೆಸೇಜು ಅವನಿಗೆ ಬಂದಿತ್ತು. ಅಮ್ಮ ಆಗ ಆಸ್ಪತ್ರೆಯಲ್ಲಿದ್ದಳು. ಕಂತು ಏರುವುದಿಲ್ಲ ಎಂದು ಓದಿ ನೆಮ್ಮದಿಯಿಂದ ಫೋನು ಜೇಬಿಗೆ ಹಾಕಿಕೊಂಡಿದ್ದ.

"ಮದುವೆಯಾದ್ರೂ ನೀನು ಕಟ್ತಾ ಇರು. ಮನೆ ನಿನ್ನದೂ ಹೌದಲ್ಲ" ಅಂದ.

"ಐವತ್ತೇಳು ವರ್ಷದವರೆಗೆ, ನಾನು ಇಲ್ಲದ ಮನೆಗೆ?"

"ಹಾಗಾದ್ರೆ ಏನು ಮಾಡ್ಲಿ ಹೇಳು. ನನ್ನೊಬ್ಬನ ಸಂಬಳಕ್ಕೆ ಬ್ಯಾಂಕಿನವರು ಒಪ್ಪಲ್ಲ."

"ಮಾರೋಣ."

ಆ ಮಾತು ನನ್ನ ಬಾಯಿಂದ ಹೇಗೆ ಬಂತೋ ಗೊತ್ತಿಲ್ಲ. ತಮ್ಮ ತಟ್ಟೆ ಪಕ್ಕಕ್ಕೆ ತಳ್ಳಿದ. "ಮಗಳ ಸ್ಕೂಲು ಇಲ್ಲಿದೆ. ಅಮ್ಮ ಪ್ರಾಣ ಬಿಟ್ಟ ಮನೆ. ಮಾರಬೇಕಂತೆ." ನನ್ನ ಕಡೆ ನೋಡದೆ ಅಂದ: "ನೀನು ಕಟ್ಟಿದ್ದು ವಾಪಸ್ ಕೇಳ್ತೀಯ ಅಂತ ಗೊತ್ತು. ಹನ್ನೊಂದು ಲಕ್ಷ ಎಲ್ಲಿಂದ ತರ್ಲಿ? ಒಂಬತ್ತು ವರ್ಷ ಇದ್ಯಲ್ಲ ಇಲ್ಲಿ. ಬಾಡಿಗೆ ಅಂದ್ಕೊ."

ನಾನು ಎದ್ದು ಹಿಂದಿನ ಕೋಣೆಗೆ ಹೋದೆ. ಅಲ್ಲಿ ಕೂತು ಹಾಳಾದ ಲೆಕ್ಕವನ್ನೇ ಮಾಡಿದೆ. ಗಾಂಧಿ ಬಜಾರಿನ ಬಾಡಿಗೆಯಲ್ಲಿ ನನ್ನ ಪಾಲು ಎಷ್ಟಿತ್ತು, ಅದು ವರ್ಷ ವರ್ಷ ಏರಿದ್ದರೂ ಒಂಬತ್ತು ವರ್ಷಕ್ಕೆ ಎಷ್ಟಾಗುತ್ತಿತ್ತು. ಹನ್ನೊಂದು ಲಕ್ಷದ ಹತ್ತಿರಕ್ಕೂ ಬರಲಿಲ್ಲ. ಅವನ ಮಾತು ತಪ್ಪು ಎಂದು ಲೆಕ್ಕ ಹೇಳಿದಾಗ ಸಮಾಧಾನವಾಗಬೇಕಿತ್ತು. ಆಗಲಿಲ್ಲ. ಅಸಲಿಗೆ ಹೋದ ನಾಲ್ಕೂವರೆ ಲಕ್ಷದಲ್ಲಿ ನನ್ನ ಪಾಲು ಎರಡೂಕಾಲು ಲಕ್ಷ. ಒಂಬತ್ತು ವರ್ಷ ಬೆಳಿಗ್ಗೆ ಎಂಟಕ್ಕೆ ಬಸ್ಸು ಹತ್ತಿ ದುಡಿದಿದ್ದರಲ್ಲಿ ಈ ಮನೆಯೊಳಗೆ ನಿಂತಿರುವುದು ಅಷ್ಟು.

ಗೋಡೆಯಾಚೆ ತಮ್ಮನ ಹೆಂಡತಿಯ ದನಿ ಕೇಳಿತು. ಅವಳು ಯಾವತ್ತೂ ಗಂಡನ ಮೇಲೆ ದನಿ ಎತ್ತಿದವಳಲ್ಲ.

"ಅತ್ತಿಗೆ ಬಾಡಿಗೆಗಿದ್ರು ಅಂದ್ರಲ್ಲ, ಹಾಗಾದ್ರೆ ನಾನು ಏನು? ನಾನಂತೂ ಒಂದು ರೂಪಾಯಿನೂ ಕಟ್ಟಿಲ್ಲ. ನನ್ನನ್ನ ಪುಕ್ಕಟೆ ಇಟ್ಕೊಂಡಿದೀರಾ?"

ತಮ್ಮ ಏನೋ ಗೊಣಗಿದ. ಬಾಗಿಲು ಬಡಿದ ಸದ್ದು, ಬೈಕಿನ ಸದ್ದು. ಆಮೇಲೆ ಅವಳು ನನ್ನ ಕೋಣೆಗೆ ಬಂದು ಮಂಚದ ತುದಿಯಲ್ಲಿ ಕೂತಳು. ಕಾಗದ ಕೊಡಿ ಎಂದು ಕೈ ಚಾಚಿದಳು. ಅವಳು ಓದಿದ್ದು ಪಿಯುಸಿ. ಬೆರಳಿಟ್ಟುಕೊಂಡು ಒಂದೊಂದೇ ಸಾಲು ನೋಡಿದಳು. ಬ್ಯಾಂಕಿನ ಹುಡುಗಿ ಹೇಳಿದ್ದನ್ನೆಲ್ಲ ಅವಳಿಗೆ ಹೇಳಿದೆ.

"ನಿಮ್ಮ ಜಾಗಕ್ಕೆ ಇನ್ನೊಬ್ಬರು ಬಂದ್ರೆ ಆಗತ್ತೆ ಅಂದ್ರಾ ಬ್ಯಾಂಕಿನೋರು?"

"ಸಂಬಳ ಇರೋರು ಬೇಕು."

"ಸಂಬಳನೇ ಆಗಬೇಕಾ? ದುಡಿಮೆ ಆದ್ರೆ ಸಾಲ್ದಾ?"

ಅವಳು ಸೀರೆಗಳಿಗೆ ಕುಚ್ಚು ಕಟ್ಟುತ್ತಿದ್ದಳು. ಅಕ್ಕಪಕ್ಕದವರು ಮದುವೆ ಸೀರೆ ತಂದುಕೊಟ್ಟರೆ ಸೆರಗಿನ ಅಂಚಿಗೆ ಬಣ್ಣ ಬಣ್ಣದ ದಾರದ ಕುಚ್ಚು, ಮಣಿ. ನಾವೆಲ್ಲ ಅದನ್ನು ಹೊತ್ತು ಹೋಗಲಿಕ್ಕೆ ಮಾಡುವ ಕೆಲಸ ಎಂದುಕೊಂಡಿದ್ದೆವು. ಅವಳು ಬೀರುವಿನಿಂದ ಒಂದು ನೋಟ್‌ಬುಕ್ ತಂದು ತೋರಿಸಿದಳು. ಮದುವೆಯ ತಿಂಗಳುಗಳಲ್ಲಿ ಹದಿನಾಲ್ಕು ಸಾವಿರದವರೆಗೂ ದುಡಿದಿದ್ದಳು. ಅದರಿಂದಲೇ ಮನೆಯ ದಿನಸಿ ಬರುತ್ತಿತ್ತೆಂಬುದು ನನಗೆ ಗೊತ್ತಾಗಿದ್ದು ಆಗ.

ಬ್ಯಾಂಕಿನ ಆ ಹುಡುಗಿಯ ಹತ್ತಿರ ನಾವಿಬ್ಬರೂ ಹೋದೆವು. ನೋಟ್‌ಬುಕ್ ನಡೆಯುವುದಿಲ್ಲ, ದುಡಿಮೆ ಖಾತೆಗೆ ಬರಬೇಕು, ಎರಡು ವರ್ಷ ಐ.ಟಿ. ರಿಟರ್ನ್ಸ್ ಹಾಕಿರಬೇಕು, ಆಮೇಲೆ ನೋಡೋಣ ಎಂದಳು.

"ಎರಡು ವರ್ಷ" ಎಂದು ಹೊರಗೆ ಬಂದು ನಾನು ಗೋಳಾಡಿದೆ.

"ಹದಿನಾಲ್ಕಕ್ಕಿಂತ ಕಮ್ಮಿ ಅಲ್ವಾ ಅತ್ತಿಗೆ" ಎಂದು ಅವಳು ಚಪ್ಪಲಿ ಮೆಟ್ಟಿದಳು.

ನಾನು ಮದುವೆಯಾಗಲಿದ್ದವರಿಗೆ ಬಸ್ಸಿನಲ್ಲಿ ಇದನ್ನೆಲ್ಲ ಹೇಳಿದೆ. "ಕಂತು ಕಟ್ಕೊಂಡೇ ಬನ್ನಿ, ನನ್ನ ಸಂಬಳದಲ್ಲಿ ಮನೆ ನಡೆಯತ್ತೆ" ಅಂದರು. ನಾನು ಒಪ್ಪಲಿಲ್ಲ. ಒಂದು ಮನೆಯ ಕಂತು ಹೊತ್ತುಕೊಂಡು ಇನ್ನೊಂದು ಮನೆಗೆ ಕಾಲಿಡುವುದು ನನಗೆ ಬೇಡವಾಗಿತ್ತು. "ಸರಿ, ಎರಡು ವರ್ಷ ಸೀಟ್ ಹಿಡೀತೀನಿ" ಅಂದರು. ನಗಬೇಕೋ ಅಳಬೇಕೋ ತಿಳಿಯಲಿಲ್ಲ.

ಆ ಎರಡು ವರ್ಷ ನಾನು ಒಂದು ಕಡೆ ಕೂತಿದ್ದು ನೆನಪಿಲ್ಲ. ಫೋನು ಟಿಣ್ ಎಂದರೆ ಬ್ಯಾಂಕಿನದಿರಬಹುದು ಎಂದು ಓಡಿ ಹೋಗಿ ನೋಡುತ್ತಿದ್ದೆ. ಎಲ್ಲಿ ನೋಡಿದರೂ ಲೆಕ್ಕವೇ ಕಾಣುತ್ತಿತ್ತು. ಕಾಲೇಜಿನಲ್ಲಿ ಹೊಸದಾಗಿ ಸೇರಿದ ಉಪನ್ಯಾಸಕರೊಬ್ಬರು ಮೂವತ್ತು ವರ್ಷಕ್ಕೆ ಮನೆ ಸಾಲ ಸಿಕ್ಕಿತೆಂದು ಸಿಹಿ ಹಂಚಿದಾಗ, "ತಿಂಗಳಿಗೆ ಎಷ್ಟು ಅಂತ ಕೇಳಿದ್ರಾ, ಒಟ್ಟು ಎಷ್ಟು ಅಂತ ಕೇಳಿದ್ರಾ?" ಎಂದುಬಿಟ್ಟೆ. ಅವರ ಮುಖ ಸಪ್ಪಗಾಯಿತು. ಪೇಡ ಕೈಯಲ್ಲೇ ಉಳಿಯಿತು. ಆ ದಿನವೆಲ್ಲ ನನ್ನ ಮೇಲೆ ನನಗೇ ಸಿಟ್ಟು.

ತಮ್ಮನೂ ನಾನೂ ಮೂರು ತಿಂಗಳು ಸರಿಯಾಗಿ ಮಾತಾಡಲಿಲ್ಲ. ಕಂತಿನ ನನ್ನ ಪಾಲನ್ನು ಮಾತ್ರ ತಪ್ಪದೆ ಅವನ ಖಾತೆಗೆ ಹಾಕುತ್ತಿದ್ದೆ. ಒಂದು ದಿನ ಬೆಳಿಗ್ಗೆ ಬಸ್ಸು ತಪ್ಪಿತು. ಅವನು ಬೈಕ್ ನಿಲ್ಲಿಸಿ, "ಹತ್ತು ಮಾರಾಯ್ತಿ, ಭದ್ರಾವತಿಗೇ ಬಿಟ್ಟು ಬರ್ತೀನಿ" ಅಂದ. ಮಾಚೇನಹಳ್ಳಿ ದಾಟಿ, ತನ್ನ ಫೌಂಡ್ರಿ ದಾಟಿ, ಕಾಲೇಜಿನ ಗೇಟಿನವರೆಗೂ ಬಂದ. ಇಳಿದಾಗ ಹೆಲ್ಮೆಟ್ ತೆಗೆಯದೆಯೇ ಅಂದ: "ಬಾಡಿಗೆ ಅಂದಿದ್ದು ತಪ್ಪಾಯ್ತು ಅಕ್ಕ. ಲೆಕ್ಕ ನೋಡಿ ಹೆದರಿಕೆ ಆಗಿತ್ತು." ಅವನ ಅಂಗಿಯ ಕಾಲರ್ ಮಡಚಿಕೊಂಡಿತ್ತು, ಸರಿ ಮಾಡಿದೆ. ಅವನಿಗೆ ಕೆಲಸಕ್ಕೆ ಹೊತ್ತಾಗಿತ್ತು.

ತಮ್ಮನ ಹೆಂಡತಿ ಮಾತ್ರ ತಲೆ ತಗ್ಗಿಸಿ ಕುಚ್ಚು ಕಟ್ಟಿದಳು. ನೆಹರೂ ರಸ್ತೆಯ ಎರಡು ಸೀರೆ ಅಂಗಡಿಗಳಿಂದ ಕುಚ್ಚಿನ ಜೊತೆಗೆ ಸೀರೆಯ ಕೆಳ ಅಂಚಿಗೆ ಫಾಲ್ಸ್ ಹೊಲಿಯುವ ಕೆಲಸವನ್ನೂ ಹಿಡಿದಳು, ಹಣವನ್ನೆಲ್ಲ ಖಾತೆಗೇ ಹಾಕಿಸಿಕೊಂಡಳು. ಓಣಿಯ ಇಬ್ಬರು ಹೆಂಗಸರಿಗೆ ಕಲಿಸಿ ಜೊತೆಗೆ ಕೂರಿಸಿಕೊಂಡಳು. ಹಾಲಿನ ತುಂಬ ಸೀರೆ. ನಾನು ಸಂಜೆ ಬಂದು ದಾರದ ಉಂಡೆ ಬಿಡಿಸಿಕೊಡುತ್ತಿದ್ದೆ, ಅವಳ ರಿಟರ್ನ್ಸಿಗೆ ಬೇಕಾದ ಕಾಗದ ಜೋಡಿಸುತ್ತಿದ್ದೆ. ಏಳೆಂಟು ವರ್ಷ ಒಂದೇ ಸೂರಿನಡಿ ಇದ್ದೂ ನಾವಿಬ್ಬರು ಮಾತಾಡಿದ್ದು ಆಗಲೇ.

ಎರಡನೇ ರಿಟರ್ನ್ಸ್ ಹಾಕಿದ ಮೇಲೆ, ಹಳೆಯ ಸಾಲ ತೀರಿಸಿ ಹೊಸ ಸಾಲ ಕೊಡಲು ಇನ್ನೊಂದು ಬ್ಯಾಂಕು ಒಪ್ಪಿತು. ಎಂಟೂವರೆ ದರ, ಹದಿನೈದು ವರ್ಷ, ಗಂಡ ಹೆಂಡತಿ ಇಬ್ಬರ ಹೆಸರಿನಲ್ಲಿ. ಹಳೆಯ ಬಾಕಿ ಅಷ್ಟು ಹೊತ್ತಿಗೆ ಹದಿನೆಂಟು ಲಕ್ಷಕ್ಕೆ ಇಳಿದಿತ್ತು. ನನ್ನ ಪಾಲಿಗೆ ಆರು ಲಕ್ಷ ಕೊಡುವುದಾಗಿ ತಮ್ಮ ಹೇಳಿದ. ಮನೆಯ ಈಗಿನ ಬೆಲೆ ನೋಡಿದರೆ ನನಗೆ ಇನ್ನೂ ಹೆಚ್ಚು ಬರಬೇಕಿತ್ತು. ಅದು ಅವನಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು.

"ಆರನ್ನೂ ಇದೇ ಸಾಲದಲ್ಲಿ ಸೇರಿಸಿ ತಗೋತೀನಿ" ಅಂದ.

ನನ್ನ ಕೈ ಆಗಲೇ ಕ್ಯಾಲ್ಕುಲೇಟರ್ ಮೇಲಿತ್ತು. ಆ ಆರು ಲಕ್ಷಕ್ಕೆ ಅವರು ಹದಿನೈದು ವರ್ಷದಲ್ಲಿ ಹತ್ತೂವರೆ ಲಕ್ಷದ ಮೇಲೆ ಕಟ್ಟಬೇಕು. ನನಗೆ ಕೊಡುವುದಕ್ಕಾಗಿ ಅವರು ಮತ್ತೆ ಅದೇ ಬಡ್ಡಿ ಕಟ್ಟುವುದು ನನ್ನಿಂದ ನೋಡಲಾಗಲಿಲ್ಲ. ಇಷ್ಟೆಲ್ಲ ಗೊತ್ತಾಗದೇ ಇದ್ದಿದ್ದರೆ ಆರನ್ನೂ ಕಣ್ಣುಮುಚ್ಚಿ ತೆಗೆದುಕೊಳ್ಳುತ್ತಿದ್ದೆ.

"ಈಗ ಮೂರು ಕೊಡು. ಮಿಕ್ಕಿದ ಮೂರು ಕೈಗೆ ಬಂದಾಗ" ಅಂದೆ.

"ಬರೆದುಕೊಡ್ತೀವಿ" ಅಂದಳು ಅವನ ಹೆಂಡತಿ.

"ಬೇಡ."

"ಬೇಕು ಅತ್ತಿಗೆ. ಓದದೇ ಸಹಿ ಹಾಕಿದ್ದಕ್ಕೇ ಇಷ್ಟಾಯ್ತು. ಈ ಸಲ ಓದಿ ಹಾಕೋಣ."

ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಹಕ್ಕು ಬಿಡುಗಡೆ ಪತ್ರಕ್ಕೆ ನಾನು ಪುಟ ಪುಟ ಓದಿ ಸಹಿ ಹಾಕಿದೆ. ಸಾಲಿನಲ್ಲಿ ಹಿಂದಿದ್ದವರು ಬೇಗ ಬೇಗ ಎಂದು ಗೊಣಗಿದರು. ಕಚೇರಿಯವರು ಹೆಬ್ಬೆಟ್ಟು ಒತ್ತಿಸಿಕೊಂಡು, ಫೋಟೋ ತೆಗೆದುಕೊಂಡು, "ಆಯ್ತು, ಹೋಗಿ" ಎಂದರು. ಹಗುರವಾಗುತ್ತದೆ ಎಂದುಕೊಂಡಿದ್ದೆ. ಹೊರಗೆ ಬಂದು ಎಳನೀರು ಕುಡಿಯುವಾಗ ಬಿಕ್ಕಿ ಬಿಕ್ಕಿ ಅಳು ಬಂತು. ಅಮ್ಮನ ಬಳೆಗಳೂ ಆ ಮನೆಯಲ್ಲಿದ್ದವು. ತಮ್ಮ ಏನು ಮಾಡುವುದೆಂದು ತಿಳಿಯದೆ ಇನ್ನೊಂದು ಎಳನೀರು ಕೆತ್ತಿಸಿ ನನ್ನ ಕೈಗಿಟ್ಟ.

ಅದೇ ತಿಂಗಳು ರಿಜಿಸ್ಟರ್ ಮದುವೆಯಾಯಿತು. ಈಗ ಜನ್ನಾಪುರದಲ್ಲಿದ್ದೇನೆ. ಬಾಡಿಗೆ ಮನೆ, ನಲ್ಲಿಯಲ್ಲಿ ದಿನ ಬಿಟ್ಟು ದಿನ ನೀರು. ಕಾಲೇಜಿಗೆ ನಡೆದೇ ಹೋಗುತ್ತೇನೆ. ಮೊದಮೊದಲು ಬೆಳಿಗ್ಗೆ ಬಸ್ಸಿಗೆ ಹೊತ್ತಾಯಿತೆಂದು ಗಡಬಡಿಸಿ ಏಳುತ್ತಿದ್ದೆ. ಈಗಲೂ ಅರ್ಧ ಗಂಟೆ ಮುಂಚೆ ಸಿದ್ಧಳಾಗಿ ಬಾಗಿಲಿನಿಂದ ಅಡುಗೆಮನೆಗೆ, ಅಡುಗೆಮನೆಯಿಂದ ಬಾಗಿಲಿಗೆ ತಿರುಗುತ್ತೇನೆ. ಅವರು ಪೇಪರ್ ಓದುತ್ತ, "ಕೂತ್ಕೋ, ಮನೆ ಎಲ್ಲೂ ಓಡಿ ಹೋಗಲ್ಲ" ಅನ್ನುತ್ತಾರೆ. ನಾವೂ ಒಂದು ಮನೆ ನೋಡೋಣವಾ ಎಂದು ಒಮ್ಮೆ ಕೇಳಿದರು. ಬೇಡ ಎನ್ನಲಿಲ್ಲ, ಹೂಂ ಎಂದೂ ಅನ್ನಲಿಲ್ಲ. ಅದು ಹಾಗೇ ಇದೆ.

ಬಾಕಿ ಮೂರು ಲಕ್ಷದಲ್ಲಿ ಈವರೆಗೆ ಎಂಬತ್ತು ಸಾವಿರ ಬಂದಿದೆ, ಐದು ಹತ್ತು ಎಂದು ಬಿಡಿ ಬಿಡಿಯಾಗಿ. ಹೋದ ತಿಂಗಳು ತಮ್ಮನ ಹೆಂಡತಿ ಫೋನ್ ಮಾಡಿದಳು.

"ಅತ್ತಿಗೆ, ದೀಪಾವಳಿ ಸೀಸನ್ನಿನ ನಲವತ್ತು ಸಾವಿರ ಉಳಿದಿದೆ. ಸಾಲಕ್ಕೆ ಹಾಕ್ಲಾ? ಫಾಲ್ಸ್ ಹೊಲಿಯೋ ಹೊಸ ಮೆಷಿನ್ ತಗೊಳ್ಲಾ? ಇಲ್ಲ ನಿಮಗೇ ಕಳಿಸ್ಲಾ?"

"ಸಾಲಕ್ಕೆ ಹಾಕು" ಅಂದೆ ತಕ್ಷಣ. "ಮೊದಲ ವರ್ಷಗಳಲ್ಲಿ ಹಾಕಿದ್ದಕ್ಕೇ ಬೆಲೆ. ಈಗ ನಲವತ್ತು ಹಾಕಿದ್ರೆ ಆಮೇಲೆ ಕಟ್ಟೋದ್ರಲ್ಲಿ ಒಂದು ಲಕ್ಷದ ಮೇಲೆ ಉಳಿಯತ್ತೆ. ನನಗೇನೂ ಅವಸರ ಇಲ್ಲ."

ಫೋನಿಟ್ಟ ಮೇಲೆ ಸಮಾಧಾನವಾಗಲಿಲ್ಲ. ಅನ್ನಕ್ಕಿಟ್ಟೆ, ಒಲೆ ಸಣ್ಣ ಮಾಡಿದೆ, ಮತ್ತೆ ದೊಡ್ಡದು ಮಾಡಿದೆ. ಅವಳ ಕಣ್ಣು ನೋಯುತ್ತದೆ ಎಂದು ಹಿಂದಿನ ವಾರ ಹೇಳಿದ್ದಳು. ಆ ಮೆಷಿನ್ನಿದ್ದರೆ ಕೈಕೆಲಸ ಅರ್ಧ ಕಡಿಮೆಯಾಗುತ್ತಿತ್ತು. ಹದಿನೈದು ವರ್ಷದ ಬಡ್ಡಿ ಲೆಕ್ಕ ಹಾಕಿದ ನಾನು ಅವಳ ಹದಿನೈದು ವರ್ಷವನ್ನು ಲೆಕ್ಕಕ್ಕೆ ಹಿಡಿಯಲಿಲ್ಲವಲ್ಲ ಎನ್ನಿಸಿತು. ಕುಕ್ಕರ್ ಕೂಗುವ ಮುಂಚೆಯೇ ಮತ್ತೆ ಫೋನ್ ಮಾಡಿದೆ.

"ಮೆಷಿನ್ ತಗೋ" ಅಂದೆ.

ಆ ಕಡೆ ನಗು ಕೇಳಿತು. "ಬೆಳಿಗ್ಗೆನೇ ತಗೊಂಡೆ ಅತ್ತಿಗೆ. ನಿಮ್ಮ ಲೆಕ್ಕ ಏನು ಹೇಳತ್ತೆ ನೋಡೋಣ ಅಂತ ಸುಮ್ನೆ ಕೇಳಿದ್ದು."